ಕಾಕನ ಹೆಸರಿನ ಕರೆಂಟು ಬಿಲ್ಲು

ಬಹರೈನಿನ ಹೂರಾದ ನಮ್ಮ ಫ್ಲಾಟಿನಲ್ಲಿ ಬೇಸಿಗೆ ಬಂತೆಂದರೆ ತಣ್ಣೀರಿಗೆ ಬಿಸಿನೀರಿನ ನಲ್ಲಿ ತಿರುಗಿಸಬೇಕು. ತಾರಸಿಯ ಮೇಲಿನ ಟ್ಯಾಂಕು ಬಿಸಿಲಿಗೆ ಕಾದು, ತಣ್ಣೀರಿನ ನಲ್ಲಿಯಲ್ಲಿ ಕೈ ಸುಡುವ ನೀರು ಬರುತ್ತದೆ. ಅದಕ್ಕೆ ಗೀಸರಿನ ಸ್ವಿಚ್ಚು ಆರಿಸಿಬಿಡುವುದು. ಅದರ ಹೊಟ್ಟೆಯಲ್ಲಿ ನಿಂತ ನೀರು ಮನೆಯೊಳಗಿನ ನೆರಳಿಗೆ ಬೆಳಗಾಗುವಷ್ಟರಲ್ಲಿ ತಣ್ಣಗಾಗಿರುತ್ತದೆ. ಮದುವೆಯಾಗಿ ಇಲ್ಲಿಗೆ ಬಂದ ಹೊಸತರಲ್ಲಿ ಇದನ್ನು ನನಗೆ ಹೇಳಿಕೊಟ್ಟವರು ಕಾಕ.

"ಇಲ್ಲಿ ಎಲ್ಲ ಉಲ್ಟಾ ಮಗಳೇ. ಕೆಂಪು ಗುರುತಿನದ್ದು ತಣ್ಣೀರು, ನೀಲಿಯದ್ದು ಬಿಸಿನೀರು. ಅಭ್ಯಾಸ ಆದ ಮೇಲೆ ಊರಿಗೆ ಹೋದಾಗ ಜಾಗ್ರತೆ, ಮೈ ಸುಟ್ಕೊಳ್ತೀ."

ಮಾತು ಬ್ಯಾರಿಯಲ್ಲಿ. ಮನೆಯೊಳಗೆ ನಮ್ಮದು ಅದೇ ಭಾಷೆ. ಬರೆಯಲು ಕಲಿತದ್ದು ಕನ್ನಡ ಶಾಲೆಯಲ್ಲಿ, ಹಾಗಾಗಿ ಈ ಬರಹದಲ್ಲಿ ಎಲ್ಲರೂ ಕನ್ನಡದಲ್ಲೇ ಮಾತಾಡುತ್ತಾರೆ.

ಕಾಕ ನಮಗೆ ರಕ್ತಸಂಬಂಧಿಯಲ್ಲ. ಉಳ್ಳಾಲದ ಕಡೆ ನನ್ನ ಗಂಡನ ಮನೆಯಿಂದ ನಾಲ್ಕು ಮನೆ ಆಚೆಯವರು. ಈ ಫ್ಲಾಟನ್ನು ಬಾಡಿಗೆಗೆ ಹಿಡಿದದ್ದು ಅವರು, ಅದೂ ನಾನು ಶಾಲೆಗೆ ಹೋಗುತ್ತಿದ್ದ ಕಾಲದಲ್ಲಿ. ನಮ್ಮ ಕಡೆಯಿಂದ ಯಾರು ವಿಮಾನ ಹತ್ತಿದರೂ ಜೇಬಿನಲ್ಲಿ ಇದೇ ಫ್ಲಾಟಿನ ವಿಳಾಸ. ಮೊದಲ ಊಟ ಇಲ್ಲಿ, ಮೊದಲ ನಿದ್ದೆ ಇಲ್ಲಿಯ ಹಾಲಿನ ಚಾಪೆಯ ಮೇಲೆ. ಕೆಲಸ ಕುದುರಿದ ಮೇಲೆ ಒಬ್ಬೊಬ್ಬರೇ ಬೇರೆ ಕಡೆ ಹೋದರು. ಕಾಕ ಉಳಿದರು, ನನ್ನ ಗಂಡ ಉಳಿದರು. ನಾನು ಬರುತ್ತೇನೆಂದು ಗೊತ್ತಾದಾಗ ಕಾಕ ದೊಡ್ಡ ಕೋಣೆಯಿಂದ ತಮ್ಮ ಮಂಚವನ್ನು ತಾವೇ ಎಳೆದು ಅಡುಗೆಮನೆಯ ಪಕ್ಕದ ಸಣ್ಣ ಕೋಣೆಗೆ ಹಾಕಿಕೊಂಡರಂತೆ. "ಬೇರೆ ಕಡೆ ನೋಡ್ಕೊಳ್ತೇನೆ" ಎಂದು ಆಗಾಗ ಹೇಳುತ್ತಿದ್ದರು. ನೋಡಿಕೊಳ್ಳಲು ನಾವು ಬಿಡಲಿಲ್ಲ. ಆಮೇಲಾಮೇಲೆ ಅವರೂ ಹೇಳುವುದನ್ನು ಬಿಟ್ಟರು.

ಅವರ ಕೆಲಸ ಪಿಕಪ್ ಓಡಿಸುವುದು. ಬುದಯ್ಯದ ತೋಟಗಳಿಂದ ಸೊಪ್ಪು ತರಕಾರಿ ತುಂಬಿಕೊಂಡು ಬಂದು ಹೂರಾದ ಅಂಗಡಿಗಳಿಗೆ ಹಾಕುತ್ತಿದ್ದರು. ಅವರು ಮನೆಯೊಳಗೆ ಕಾಲಿಟ್ಟರೆ ಹಸಿ ಮಣ್ಣಿನ ವಾಸನೆ ಬರುತ್ತಿತ್ತು. ಮರಳಿನ ಈ ದ್ವೀಪದಲ್ಲಿ ಆ ವಾಸನೆ ಎಲ್ಲಿಂದ ಎಂದು ಮೊದಮೊದಲು ನನಗೆ ಆಶ್ಚರ್ಯ. ಶುಕ್ರವಾರ ಒಂದು ಕಟ್ಟು ಜರ್ಜೀರ್ ಸೊಪ್ಪು ತಂದು ಸಿಂಕಿನ ಪಕ್ಕ ಇಡುತ್ತಿದ್ದರು. ಹಸಿಯಾಗಿಯೇ ತಿನ್ನುವ ಖಾರದ ಸೊಪ್ಪು ಅದು. ನಾನು ಮೊದಲ ಸಲ ಅದನ್ನು ಬಸಳೆಯ ಹಾಗೆ ತೆಂಗಿನಕಾಯಿ ಹಾಕಿ ಬೇಯಿಸಿದೆ. ಕಾಕ ಅನ್ನಕ್ಕೆ ಕಲಸಿ ಉಂಡು, ಕೈ ತೊಳೆಯುವಾಗ ನನ್ನ ಗಂಡನಿಗೆ ಹೇಳಿದರು: "ಅರಬಿಗಳಿಗೆ ಹೇಳ್ಬೇಡ. ತೋಟಕ್ಕೆ ಒಳಗೆ ಬಿಡ್ಲಿಕ್ಕಿಲ್ಲ ನನ್ನನ್ನು."

ವಯಸ್ಸಾಯಿತೆಂದು ಅವರ ವೀಸಾ ಮುಂದಕ್ಕೆ ಹೋಗದ ವರ್ಷ ಅವರು ಊರಿಗೆ ಹೊರಟರು. "ಎರಡು ವರ್ಷ ಊರಲ್ಲಿದ್ದು ಬರ್ತೇನೆ" ಎಂದರು. ನಾವೂ "ಹೌದು ಹೌದು" ಎಂದೆವು. ಮಂಚ ಹಾಗೇ ಇತ್ತು, ಗೋಡೆಯ ಮೊಳೆಯಲ್ಲಿ ಅವರ ಬಿಸಿಲಿನ ಟೊಪ್ಪಿ ಹಾಗೇ ಇತ್ತು. ಬಾಗಿಲಿನ ಕೀಯನ್ನು ಮಾತ್ರ ಅವರು ತಮ್ಮ ಗೊಂಚಲಿನಿಂದ ತೆಗೆಯಲಿಲ್ಲ, ನಾವು ಕೇಳಲೂ ಇಲ್ಲ. ವಿಮಾನ ನಿಲ್ದಾಣದಲ್ಲಿ ಟ್ರಾಲಿಯ ಮೇಲೆ ಕೈಯಿಟ್ಟು ನಿಂತವರು ಒಂದೇ ಮಾತು ಹೇಳಿದರು.

"ಕರೆಂಟ್ ಬಿಲ್ಲಿನ ಹೆಸರು ತೆಗೀಲಿಕ್ಕೆ ಹೋಗ್ಬೇಡಿ. ಕಾರ್ಡಂತೂ ಹೋಯ್ತು. ಅದೊಂದು ಇರ್ಲಿ."

ಬಹರೈನಿನಲ್ಲಿ ಇರುವವರಿಗೆಲ್ಲ ಒಂದು ಗುರುತಿನ ಕಾರ್ಡು. ಸಿಪಿಆರ್ ಎನ್ನುತ್ತೇವೆ. ಆಸ್ಪತ್ರೆ, ಬ್ಯಾಂಕು, ಸಿಮ್ಮು, ಎಲ್ಲಕ್ಕೂ ಅದೇ. ಅವಧಿ ಮುಗಿದರೆ ನೀವು ಇದ್ದೂ ಇಲ್ಲದವರು. ಕಾಕನ ಕಾರ್ಡಿನ ಅವಧಿ ಮುಗಿದುಹೋಯಿತು. ಆದರೆ ಬಿಲ್ಲು ಮಾತ್ರ ತಿಂಗಳು ತಿಂಗಳು ಅವರ ಹೆಸರಿಗೇ ಬಂತು. ನಮ್ಮವರಲ್ಲಿ ಇದೇನು ಹೊಸತಲ್ಲ. ಬಿಲ್ಲಿನಲ್ಲಿ ಒಬ್ಬರ ಹೆಸರು, ಮಂಚದಲ್ಲಿ ಇನ್ನೊಬ್ಬರು, ಇಂಥ ಫ್ಲಾಟುಗಳು ನಮ್ಮ ಕಟ್ಟಡದಲ್ಲೇ ಎಷ್ಟೋ. ಹೋದವರ ಹೆಸರನ್ನು ನಾವಾಗಿ ತೆಗೆಸುವುದೆಂದರೆ, ನೀವಿನ್ನು ಬರುವುದಿಲ್ಲ ಎಂದು ನಮ್ಮ ಬಾಯಿಂದಲೇ ಹೇಳಿದ ಹಾಗೆ. ಯಾರೂ ಹೇಳುವುದಿಲ್ಲ.

ಬಿಲ್ಲು ಈಗ ಫೋನಿನಲ್ಲೇ ಬರುತ್ತದೆ. ಬಂದ ದಿನ ನಾನು ಅದರ ಚಿತ್ರ ತೆಗೆದು ಕಾಕನಿಗೆ ವಾಟ್ಸಾಪಿನಲ್ಲಿ ಕಳಿಸುತ್ತೇನೆ. ಒಂದು ದಿನ ತಡವಾದರೆ ಅಲ್ಲಿಂದ ದನಿ ಸಂದೇಶ ಬರುತ್ತದೆ: "ಬಿಲ್ ಬಂತಾ ಮಗಳೇ?" ಕಳಿಸಿದ ಮೇಲೆ ಮತ್ತೊಂದು ದನಿ: "ಹಾಂ, ನನ್ನ ಹೆಸರು ಉಂಟು. ಎಸಿ ಸ್ವಲ್ಪ ಕಡಿಮೆ ಮಾಡಿ." ಎರಡು ವರ್ಷ ಎಂದದ್ದು ಏಳೆಂಟು ವರ್ಷವಾಯಿತು. ಮಂಚದ ಮೇಲೆ ಈಗ ಇಸ್ತ್ರಿ ಹಾಕುವ ಬಟ್ಟೆಯ ರಾಶಿ ಇರುತ್ತದೆ. ಬಿಲ್ಲಿನ ಹೆಸರನ್ನು ಮಾತ್ರ ನಾವು ಮುಟ್ಟಲಿಲ್ಲ.

ನಮ್ಮ ಕಾರ್ಡುಗಳಲ್ಲಿ ಇದ್ದದ್ದು ಸನದ್ ಎಂಬ ಊರಿನ ವಿಳಾಸ, ನನ್ನ ಗಂಡನ ಹಳೆಯ ಕಂಪನಿಯ ಕ್ಯಾಂಪಿನದ್ದು. ಆ ಕ್ಯಾಂಪಿನಲ್ಲಿ ನಾನು ಒಂದು ದಿನವೂ ಇರಲಿಲ್ಲ. ಹೂರಾದ ವಿಳಾಸ ಹಾಕಿಸಬೇಕಾದರೆ ಕರೆಂಟು ಬಿಲ್ಲು ತೋರಿಸಬೇಕು, ಬಿಲ್ಲು ತೋರಿಸಿದರೆ ಕಾಕನ ಹೆಸರು ಅಡ್ಡ ಬರುತ್ತದೆ. ಅದಕ್ಕೇ ಸುಮ್ಮನಿದ್ದೆವು. ಪ್ರತಿ ಸಲವೂ ಕಂಪನಿಯ ಮಂದೂಬ್, ಎಂದರೆ ಕಾಗದಪತ್ರದ ಓಡಾಟದವನು, ಎಲ್ಲವನ್ನೂ ಒಯ್ದು ಮಾಡಿಸಿ ತರುತ್ತಿದ್ದ. ನನ್ನ ಕೆಲಸ ಕೆಳಗಿನ ಸ್ಟುಡಿಯೋದಲ್ಲಿ ಫೋಟೋ ತೆಗೆಸಿಕೊಳ್ಳುವುದಷ್ಟೆ. ಹಳೆಯ ಕಾರ್ಡುಗಳ ಝೆರಾಕ್ಸು ಒಂದು ಬಿಸ್ಕತ್ತಿನ ಡಬ್ಬದಲ್ಲಿವೆ. ಮೊದಲನೆಯದರಲ್ಲಿ ಹೆದರಿದ ಹುಡುಗಿ, ಆಮೇಲೆ ಕೆನ್ನೆ ತುಂಬಿದ ತಾಯಿ, ಈಗ ಕನ್ನಡಕ ತೆಗೆದು ಕಣ್ಣು ಕಿರಿದು ಮಾಡಿದ ಹೆಂಗಸು.

ಈ ಸಲ ನನ್ನ ಗಂಡ ಹೊಸ ಕಂಪನಿಗೆ ಸೇರಿದ್ದರು. ಅಲ್ಲಿಯ ಮಂದೂಬ್ ನೌಕರರದ್ದು ಮಾತ್ರ ಮಾಡಿಸುವವನು. ಹೆಂಡತಿಯದ್ದು ನೀವೇ ಮಾಡಿಸಿಕೊಳ್ಳಿ ಎಂದ. ನನ್ನ ಕಾರ್ಡಿನ ಅವಧಿ ಆ ತಿಂಗಳ ಕೊನೆಗೆ ಮುಗಿಯುವುದಿತ್ತು. ನಾವಿಬ್ಬರೂ ಸಿಪಿಆರ್ ಕಚೇರಿಗೆ ಹೋಗಿ ಟೋಕನ್ ತೆಗೆದು ಕುಳಿತೆವು.

ಕೌಂಟರಿನಲ್ಲಿದ್ದದ್ದು ನನ್ನದೇ ವಯಸ್ಸಿನ ಅರಬಿ ಹೆಂಗಸು. ಪಕ್ಕದಲ್ಲಿ ಅರ್ಧ ಕುಡಿದ ಕರಕ್ ಚಹಾ. ಇಲ್ಲಿಯ ಎಷ್ಟೋ ಜನರ ಹಾಗೆ ಅವಳಿಗೂ ಹಿಂದಿ ಬರುತ್ತಿತ್ತು.

"ತುಮ್ ಸನದ್ ಮೇ ರಹತಾ?"

ಸುಳ್ಳು ಹೇಳಲು ಬಾಯಿ ಬರಲಿಲ್ಲ. "ನಹೀ. ಹೂರಾ" ಎಂದೆ.

ಹಾಗಾದರೆ ಹೂರಾದ್ದೇ ವಿಳಾಸ ಬೇಕು, ಬಿಲ್ಲು ತೋರಿಸಿ ಎಂದಳು. ನನ್ನ ಗಂಡ ಫೋನು ಮುಂದೆ ಹಿಡಿದರು. ಅವಳು ಹೆಸರು ಓದಿ ನನ್ನ ಮುಖ ನೋಡಿದಳು. "ಹಾದಾ ಕೌನ್? ಬಾಬಾ?"

ಇದು ಯಾರು, ಅಪ್ಪನಾ ಎಂದು ಕೇಳಿದ್ದು. ಹೌದು ಎನ್ನುವುದರಲ್ಲಿದ್ದೆ. ನನ್ನ ಗಂಡ "ಫ್ರೆಂಡ್" ಎಂದರು, ಅದೇ ಹೊತ್ತಿಗೆ ನಾನು "ಕಾಕ" ಎಂದೆ.

"ಕಾಕಾ ಕಹಾಂ?"

"ಇಂಡಿಯಾ."

ಅವಳು ಪಕ್ಕದ ಕೌಂಟರಿನವಳ ಕಡೆ ತಿರುಗಿ, "ಕಾಕಾ ಇಂಡಿಯಾ, ಬತ್ತಿ ಬಹರೈನ್" ಎಂದಳು. ಕಾಕ ಇಂಡಿಯಾದಲ್ಲಿ, ದೀಪ ಬಹರೈನಿನಲ್ಲಿ ಎಂದು. ಇಬ್ಬರೂ ನಕ್ಕರು, ಹಿಂದೆ ಕುಳಿತವರೂ ನಕ್ಕರು. ನನಗೂ ನಗು ಬಂತು. ಆಮೇಲೆ ಅವಳು ಚಹಾದ ಲೋಟ ಬದಿಗೆ ಸರಿಸಿ ನಿಧಾನವಾಗಿ ಬಿಡಿಸಿ ಹೇಳಿದಳು. ಬಿಲ್ಲು ಗಂಡನ ಹೆಸರಿಗೆ ಆಗಬೇಕು. ಅದಕ್ಕೆ ಕಾಕ ಸಹಿ ಮಾಡಿದ ಕಾಗದ ಬೇಕು. ಇಲ್ಲದಿದ್ದರೆ ಕಟ್ಟಡದ ಮಾಲೀಕರಿಂದ ಒಂದು ಕಾಗದ. ಎರಡರಲ್ಲಿ ಒಂದು, ತಿಂಗಳು ಮುಗಿಯುವ ಮೊದಲು.

ಮನೆಗೆ ಬಂದು ನಾನು ಮೀನು ಹುರಿಯುತ್ತಿದ್ದಾಗ ನನ್ನ ಗಂಡ ಅಡುಗೆಮನೆಯ ಬಾಗಿಲಿಗೆ ಬಂದು ನಿಂತರು.

"ಕಾಕನಿಗೆ ಹೇಳುದೇ ಬೇಡ ಮಾರಾಯ್ತಿ. ವಾಚ್‌ಮನ್ ಹತ್ರ ಹೇಳಿದ್ರೆ ಓನರಿನ ಕಾಗದ ನಾಳೆಯೇ ತಂದು ಕೊಡ್ತಾನೆ."

"ಅದರಲ್ಲಿ ಎಂತ ಬರೀತಾರೆ?"

"ಎಂತ ಬರೀತಾರೆ, ಇಂಥವರು ದೇಶ ಬಿಟ್ಟು ಹೋಗಿದ್ದಾರೆ, ತಿರುಗಿ ಬರುದಿಲ್ಲ ಅಂತ."

"ಬಿಲ್ಲಿನ ಫೋಟೋ ಕಳಿಸುದು ಯಾರು, ನೀವಾ ನಾನಾ?"

"ನೀನೇ."

"ಹಾಗಾದ್ರೆ ಮುಂದಿನ ತಿಂಗಳು ನಾನೆಂತ ಕಳಿಸುದು? ಹಳೆಯದ್ದನ್ನೇ ಕಳಿಸುದಾ?"

ಅವರು ಬಾಣಲೆಯಿಂದ ಒಂದು ತುಂಡು ಎತ್ತಿಕೊಂಡು, "ನಿನ್ನ ಕಾರ್ಡು ಮುಗಿದ್ರೆ ನೀನೂ ಕಾಕನ ಒಟ್ಟಿಗೆ ಊರಲ್ಲಿ ಕೂತು ಬಿಲ್ಲು ನೋಡ್ಬಹುದು" ಎಂದು ಹೊರಟುಹೋದರು.

ತಮಾಷೆಗೆ ಅಂದದ್ದೇ. ಆದರೆ ನನಗೆ ಎರಡು ದಿನ ಅದೇ ಯೋಚನೆ. ಕಾರ್ಡು ಬೇಕಾದರೆ ಕಾಕನ ಹೆಸರು ಹೋಗಬೇಕು. ಹೆಸರು ಹೋದರೆ ಇಲ್ಲಿ ಕಾಕನದ್ದು ಎನ್ನಲು ಒಂದು ಟೊಪ್ಪಿ ಬಿಟ್ಟರೆ ಏನೂ ಉಳಿಯುವುದಿಲ್ಲ. ಶುಕ್ರವಾರ ಜುಮಾ ಮುಗಿಯುವ ಹೊತ್ತು ನೋಡಿ ನಾನೇ ಫೋನು ಮಾಡಿದೆ.

ಕಾಕ ಎಂದಿನ ಹಾಗೆ ಸುರು ಮಾಡಿದರು. ಗೀಸರು ಆರಿಸಿದೆಯಾ, ಕೆಳಗಿನ ಕೋಲ್ಡ್ ಸ್ಟೋರ್ ಅಂಗಡಿಯವನು ಈಗಲೂ ಹಳೆಯ ಮೊಸರು ಕೊಡ್ತಾನಾ, ಬುದಯ್ಯದಲ್ಲಿ ತೋಟ ಎಲ್ಲ ತೆಗೆದು ಮನೆ ಕಟ್ಟುವುದು ಹೌದಾ. ನಾನು ಒಂದೊಂದಕ್ಕೂ ಉತ್ತರ ಕೊಟ್ಟೆ. ಆಮೇಲೆ ಕೌಂಟರಿನಲ್ಲಿ ಆದದ್ದನ್ನು ಆದ ಹಾಗೇ ಹೇಳಿದೆ. "ಬತ್ತಿ ಬಹರೈನ್" ಎಂದದ್ದನ್ನೂ ಹೇಳಿದೆ. ಅದಕ್ಕೆ ಅವರು ನಕ್ಕರು.  ಅವರ ಹಿಂದೆ ಯಾರೋ ತೆಂಗಿನಕಾಯಿ ತುರಿಯುವ ಸದ್ದು ಕೇಳುತ್ತಿತ್ತು.

"ಓನರಿನ ಕಾಗದ ಆಗುದಿಲ್ವಾ?"

"ಆಗ್ತದೆ ಕಾಕ. ನೀವು ತಿರುಗಿ ಬರುದಿಲ್ಲ ಅಂತ ಬರೀತಾರಂತೆ. ಅದು ನನಗೆ ಬೇಡ."



"ಕಾರ್ಡು ಯಾವಾಗ ಮುಗಿಯುದು?"

"ಈ ತಿಂಗಳ ಕೊನೆಗೆ."

"ಇಷ್ಟು ದಿನ ಎಂತ ಮಾಡ್ತಾ ಇದ್ದೆ ನೀನು? ಕಾರ್ಡು ಮುಗಿದವನ ಪಾಡು ನನಗೆ ಗೊತ್ತುಂಟು. ಮೂರು ದಿನ ಹೊರಗೆ ಇಳಿಯದೆ ಆ ಸಣ್ಣ ಕೋಣೆಯಲ್ಲಿ ಕೂತವ ನಾನು." ಅವರ ದನಿ ಸ್ವಲ್ಪ ಗಟ್ಟಿಯಾಯಿತು. "ನನ್ನ ಕಾಗದದಲ್ಲಿ ಎಂತ ಬರೀಬೇಕು? ಬರುದಿಲ್ಲ ಅಂತಲೇ?"

"ಬೇಡ. ಬಿಲ್ಲನ್ನು ಇವರ ಹೆಸರಿಗೆ ಮಾಡಿ ಕೊಡಿ, ನನ್ನ ಒಪ್ಪಿಗೆ ಉಂಟು ಅಂತ ಅಷ್ಟೇ."

"ಹಾಂ. ಅಷ್ಟು ಬರೀಬಹುದು. ನಿನ್ನ ಗಂಡನ ಹೆಸರು ಕಾರ್ಡಿನಲ್ಲಿ ಹೇಗೆ ಉಂಟು, ಹಾಗೆಯೇ ಕಳಿಸು. ಅವನಿಗೊಂದು ಹೇಳು, ಹೆಸರು ಅವನದ್ದಾದ ಮೇಲೆ ಎಸಿ ಹಾಕಿ ಬಾಗಿಲು ತೆರೆದಿಟ್ರೆ ಗೊತ್ತಾಗ್ತದೆ ಅಂತ."

ಊರಿನಿಂದ ಯಾರೇ ಬರಲಿ, ಅವರ ಪೆಟ್ಟಿಗೆಯಲ್ಲಿ ಅರ್ಧ ಅವರದ್ದು, ಅರ್ಧ ಬೇರೆಯವರ ಮನೆಯದ್ದು. ಆ ವಾರ ರಜೆ ಮುಗಿಸಿ ಬಂದ ಒಬ್ಬರ ಕೈಯಲ್ಲಿ ನಮ್ಮ ಕಟ್ಟು ಬಂತು. ಕುಚ್ಚಲಕ್ಕಿ, ಒಣಮೀನು, ಹಲಸಿನ ಹಪ್ಪಳ. ಅಕ್ಕಿಯ ಚೀಲದ ಬಾಯಲ್ಲಿ, ಮೀನಿನ ವಾಸನೆ ತಾಗದ ಹಾಗೆ ಎರಡು ಪ್ಲಾಸ್ಟಿಕ್ಕಿನಲ್ಲಿ ಸುತ್ತಿದ ಕಾಗದ. ಕಾಕ ಸಹಿಯನ್ನು ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಹಾಕಿದ್ದರು. ಪ್ಲಾಸ್ಟಿಕ್ಕಿನ ತಳದಲ್ಲಿ ಇನ್ನೇನೋ ಗಟ್ಟಿಯಾಗಿ ಕೈಗೆ ತಾಗಿತು. ಅಲುಗಾಡಿಸಿದಾಗ ಒಂದು ಕೀ ಮೇಜಿನ ಮೇಲೆ ಬಿತ್ತು.

"ನಮ್ಮ ಬಾಗಿಲಿನದ್ದು" ಎಂದರು ನನ್ನ ಗಂಡ. ಅದನ್ನು ಕಳಿಸಿ ಎಂದು ಯಾರೂ ಹೇಳಿರಲಿಲ್ಲ.

ನಾನು ಎದ್ದು ಹೋಗಿ ಬೀಗಕ್ಕೆ ಹಾಕಿ ನೋಡಿದೆ. ನಮ್ಮ ಕೀಗಳು ಸವೆದು, ಬಾಗಿಲನ್ನು ಸ್ವಲ್ಪ ಎತ್ತಿ ಹಿಡಿಯದೆ ತಿರುಗುವುದಿಲ್ಲ. ಬೀಗವನ್ನೇ ಬದಲಿಸೋಣ ಎಂದು ನನ್ನ ಗಂಡ ಹೇಳುತ್ತಲೇ ಇದ್ದರು. ಕಾಕನ ಕೀ ಒಂದೇ ಸಲಕ್ಕೆ ತಿರುಗಿತು. ತೆರೆದೆ, ಹಾಕಿದೆ, ಮತ್ತೆ ತೆರೆದೆ. "ಸಾಕು ಬಾ" ಎಂದು ಒಳಗಿನಿಂದ ಕರೆದರು.

ಬಿಲ್ಲಿನ ಹೆಸರು ಬದಲಾಯಿತು. ಕಾರ್ಡಿಗೆ ಹೋದಾಗ ಕೌಂಟರಿನಲ್ಲಿ ಅದೇ ಹೆಂಗಸು. ನನ್ನನ್ನು ನೋಡಿದ ಕೂಡಲೇ ಗುರುತು ಹಿಡಿದು, "ಕಾಕಾ ಖಲಾಸ್?" ಎಂದಳು. ಕಾಕನದ್ದು ಮುಗಿಯಿತಾ ಎಂದು.

"ಖಲಾಸ್ ನಹೀ. ಇಂಡಿಯಾ ಮೇ ಹೈ" ಎಂದೆ. ಅವಳು ಎದೆಯ ಮೇಲೆ ಕೈಯಿಟ್ಟು ಅಲ್ಲಾಹ್ ಅವರಿಗೆ ಆಯುಸ್ಸು ಕೊಡಲಿ ಎಂದಳು. ಹೊಸ ಕಾರ್ಡು ಹೂರಾದ ವಿಳಾಸಕ್ಕೆ ಆಯಿತು. ಇಷ್ಟು ವರ್ಷ ಇದ್ದ ಜಾಗದ ವಿಳಾಸಕ್ಕೆ ನನ್ನ ಕಾರ್ಡು ಬಂದದ್ದು ಅದೇ ಮೊದಲು.

ಮುಂದಿನ ತಿಂಗಳು ಬಿಲ್ಲು ಬಂತು. ಕಳಿಸುವುದೋ ಬೇಡವೋ ಎಂದು ಫೋನು ಕೈಯಲ್ಲಿ ಹಿಡಿದು ಕೂತಿದ್ದೆ. ಅಷ್ಟರಲ್ಲಿ ಅಲ್ಲಿಂದ ದನಿ: "ಬಿಲ್ ಬಂತಾ ಮಗಳೇ?" ಕಳಿಸಿದೆ. ಎರಡು ಗೆರೆ ನೀಲಿಯಾಯಿತು. ಉತ್ತರ ಬಂತು.

"ಹೆಸರು ಸರಿ ಬರ್ದಿದ್ದಾರೆ. ಎಸಿ ಜಾಸ್ತಿ ಆಯ್ತು."

ಆ ವಾರ ಊರಿಗೆ ಹೊರಟವರ ಕೈಯಲ್ಲಿ ಹಲ್ವದ ಡಬ್ಬ ಕಳಿಸಿದೆ. ಕೀಯನ್ನು ಒಂದು ಬಟ್ಟೆಯಲ್ಲಿ ಕಟ್ಟಿ ಅದರ ಮೇಲಿಟ್ಟೆ. ತಲುಪಿದ ದಿನ ಕಾಕ ಫೋನು ಮಾಡಿದರು.

"ಇದು ಯಾಕೆ ವಾಪಸ್ ಬಂತು?"

"ಬೀಗ ಅದೇ ಉಂಟು ಕಾಕ. ಬದಲಿಸಲಿಲ್ಲ."

ಅವರು ಹಲ್ವದ ಮಾತಿಗೆ ಹೋದರು. ಸಿಹಿ ಹೆಚ್ಚಾಯಿತು, ಡಾಕ್ಟರು ಬೈಯುತ್ತಾರೆ, ಆದರೂ ಎರಡು ತುಂಡು ತಿಂದೆ ಎಂದರು. ಫೋನು ಇಡುವ ಮೊದಲು ಮತ್ತೆ ಬಾಗಿಲಿನ ಸುದ್ದಿಗೆ ಬಂದರು.

"ಆ ಬೀಗಕ್ಕೆ ಕಡಲ ಗಾಳಿ ತಾಗ್ತದೆ. ಒಂದು ಹನಿ ತೆಂಗಿನೆಣ್ಣೆ ಬಿಡಿ. ನಾನು ಆಗಾಗ ಬಿಡ್ತಿದ್ದೆ. ನಿಮಗೆ ಗೊತ್ತಿರ್ಲಿಲ್ವಾ?"

ಗೊತ್ತಿರಲಿಲ್ಲ. ಸಂಜೆ ಅಡುಗೆಮನೆಯ ಬಾಟಲಿಯಿಂದ ಹಕ್ಕಿಯ ಗರಿಯೊಂದರ ತುದಿಗೆ ಎಣ್ಣೆ ಹಚ್ಚಿಕೊಂಡು ಬೀಗದೊಳಗೆ ಬಿಟ್ಟೆ. ಈಗ ನಮ್ಮ ಸವೆದ ಕೀಯೂ ತಿರುಗುತ್ತದೆ.