ಕ್ಯಾಂಪ್ ಫೈರಿನ ಮುಂದೆ ಹೇಳದ ಮಾತು

ಸೈನ್ಯದಿಂದ ನಿವೃತ್ತನಾಗಿ ಬಂದವನು ಜೋಯಿಡಾ ಕಡೆಯ ಒಂದು ರೆಸಾರ್ಟಿನಲ್ಲಿ ವಾಚ್‌ಮನ್ ಆದೆ. ಗೇಟು ತೆಗೆಯುವುದು, ಹಾಕುವುದು, ಬಂದ ಕಾರಿಗೆಲ್ಲ ಸೆಲ್ಯೂಟ್ ಹೊಡೆಯುವುದು. ಸೆಲ್ಯೂಟು ಮ್ಯಾನೇಜರನ ಆಸೆ. ಅವನಿಗೆ ನನ್ನ ಮಗನ ವಯಸ್ಸು. ತೊಡುವುದು ದಾಂಡೇಲಿ ಸಂತೆಯಲ್ಲಿ ಕೊಂಡ ಮಿಲಿಟರಿ ಬಣ್ಣದ ಪ್ಯಾಂಟು. ಆ ಪ್ಯಾಂಟಿನಲ್ಲಿ ಅವನು ಕಂಡ ದೊಡ್ಡ ಯುದ್ಧವೆಂದರೆ ಸ್ವಿಮ್ಮಿಂಗ್ ಪೂಲಿನ ಮೋಟಾರು ಕೆಟ್ಟದ್ದು.

ಕಳೆದ ಚಳಿಗಾಲದಲ್ಲಿ ಅವನ ತಲೆಗೆ ಹೊಸ ಹುಳ ಹೊಕ್ಕಿತು. ಶನಿವಾರ ಸಂಜೆ ಕ್ಯಾಂಪ್ ಫೈರಿನ ಹತ್ತಿರ, ಡಿಜೆಗೂ ಊಟಕ್ಕೂ ನಡುವೆ, ನಾನು ಮೆಡಲ್ಲು ಹಾಕಿಕೊಂಡು ಯುದ್ಧದ ಕಥೆ ಹೇಳಬೇಕಂತೆ. ಒಲ್ಲೆ ಎಂದೆ. ಹಾಗಾದರೆ ಬೇರೆ ಕೆಲಸ ನೋಡಿಕೊಳ್ಳಿ ಎಂದು ನಗುನಗುತ್ತಲೇ ಹೇಳಿದ. ಶನಿವಾರ ಮೆಡಲ್ಲು ಹಾಕಿಕೊಂಡು ಹೋದೆ.

ಕೂತವರ ಕೈಯಲ್ಲೆಲ್ಲ ಕಬಾಬಿನ ತಟ್ಟೆ. ನಾನು ಹಿಮದಲ್ಲಿ ಕಲ್ಲಾದ ಚಪಾತಿಯ ಬಗ್ಗೆ, ಬೂಟು ಬಿಚ್ಚಿದರೆ ಜೊತೆಗೇ ಕಿತ್ತು ಬರುವ ಚರ್ಮದ ಬಗ್ಗೆ ಹೇಳಿದೆ. ಒಬ್ಬ ಆಕಳಿಸಿದ. ಇನ್ನೊಬ್ಬ, ಎಷ್ಟು ಜನರನ್ನು ಹೊಡೆದಿರಿ ಅಂಕಲ್ ಎಂದು ಕ್ರಿಕೆಟ್ ಸ್ಕೋರ್ ಕೇಳುವಂತೆ ಕೇಳಿದ. ಥೂ! ಒಬ್ಬಾಕೆ ಫೋನು ನನ್ನ ಮುಖಕ್ಕೆ ಹಿಡಿದು, ಕಣ್ಣೀರು ಬರುವಂಥದ್ದು ಏನಾದರೂ ಹೇಳಿ ಎಂದಳು. ಮ್ಯಾನೇಜರ್ ಬಾಯಿ ಹಾಕಿದ: ನಿಮ್ಮ ಗೆಳೆಯ ಸತ್ತದ್ದು ಹೇಳಿ.

ಆ ಗೆಳೆಯನ ತಂಗಿ ಅಲ್ಲೇ, ಉರಿಯ ಆಚೆ, ಅಡುಗೆಮನೆಯಲ್ಲಿ ರೊಟ್ಟಿ ಬಡಿಯುತ್ತಿದ್ದಳು. ಹಳಿಯಾಳದ ಹತ್ತಿರದ ಹಳ್ಳಿಯವಳು. ಅವಳ ಅಣ್ಣನೂ ನಾನೂ ಒಂದೇ ತುಕಡಿ. ಅವನ ಶವಪೆಟ್ಟಿಗೆಯ ಜೊತೆ ಊರಿಗೆ ಬಂದವನು ನಾನೇ. ಗುಂಡು ತಗುಲಿದ್ದೇ ಪ್ರಾಣ ಹೋಯಿತು, ನಾನು ಮುಟ್ಟುವಷ್ಟರಲ್ಲಿ ಮುಗಿದಿತ್ತು ಎಂದು ಅಂದು ಹೇಳಿದ್ದೆ. ಅವನು ನರಳಿದ್ದು ಮನೆಯವರಿಗೆ ಗೊತ್ತಾಗುವುದು ಬೇಡವೆಂದು ಆಮೇಲೂ ಅದನ್ನೇ ಹೇಳುತ್ತ ಬಂದಿದ್ದೆ. ಅವಳಿಗೂ ಹೇಳದ ನಿಜವನ್ನು ಈ ಕಬಾಬು ಚೀಪುವವರಿಗೆ ಹೇಳಬೇಕೇ?

ಮೈಕು ಕೆಳಗಿಟ್ಟು ಮ್ಯಾನೇಜರನ ಕಡೆ ತಿರುಗಿದೆ. "ನಾಳಿಂದ ಗೇಟು ನೀನ ಕಾಯಪಾ," ಎಂದೆ. "ಪ್ಯಾಂಟ್ ಹೆಂಗೂ ಐತಿ."

ಮೆಡಲ್ಲು ಬಿಚ್ಚಿ ಜೇಬಿಗೆ ತುರುಕಿ ಅಡುಗೆಮನೆಗೆ ಹೋದೆ. ಅವಳು ಹಂಚಿನ ಮೇಲಿನ ರೊಟ್ಟಿ ತಿರುವುತ್ತ, ನನ್ನ ಮುಖ ನೋಡದೆ ಮಾತಾಡಿದಳು.

"ಅವರಿಗೆ ಹೇಳಲಿಲ್ಲ, ಚಲೋ ಆತು. ನನಗರ ಖರೇ ಹೇಳ್ರಿ, ಅಣ್ಣಾರ."

ಹೇಳಿದೆ. ಬಂಡೆಯ ಮರೆಗೆ ಅವನನ್ನು ಎಳೆದು ತಂದದ್ದು, ರಾತ್ರಿಯೆಲ್ಲ ಅವನು ನರಳಿದ್ದು, ಅವ್ವನನ್ನು ಕರೆದದ್ದು, ಇವಳನ್ನು ಕರೆದದ್ದು, ಬೆಳಕು ಹರಿದು ಉಸಿರು ನಿಲ್ಲುವವರೆಗೂ ಅವನ ತಲೆ ನನ್ನ ತೊಡೆಯ ಮೇಲಿದ್ದದ್ದು. ಈಗ ಇವಳು ಕುಸಿಯುತ್ತಾಳೆ ಎಂದು ಹೆದರುತ್ತಲೇ ಹೇಳಿದೆ. ಹೊರಗೆ ಡಿಜೆ ಮತ್ತೆ ಶುರುವಾಗಿತ್ತು.

ಅವಳು ಒಲೆ ಆರಿಸಿ ಸೆರಗಿನಿಂದ ಮುಖ ಒರೆಸಿಕೊಂಡಳು.

"ಹಂಗಾದ್ರ ಸಾಯೂಮುಂದ ನಮ್ಮಣ್ಣ ಒಬ್ಬನ ಇರಲಿಲ್ಲ," ಎಂದಳು. "ನಮ್ಮವ್ವ ಸಾಯೂ ತನಕಾ ಅದೊಂದನ್ನ ಅಂದ್ಕೋತ ಅಳತಿದ್ಲು ರೀ, ನನ್ನ ಮಗ ಒಬ್ಬನ ಸತ್ತ ಅಂತ."