ಸೋಮವಾರ ಕುದುರೆ ಹತ್ತಬಾರದು

ನಮ್ಮ ಮನೆಗೆ ಆ ವಿಡಿಯೊ ಗೇಮಿನ ಪೆಟ್ಟಿಗೆ ಬಂದದ್ದು ಮಾವನ ಮಗ ಹತ್ತನೇ ತರಗತಿ ಪಾಸಾಗಲಿ ಎಂಬ ಕಾರಣಕ್ಕೆ. ಕಿತ್ತೂರಿನ ಹೆದ್ದಾರಿ ಬದಿಗೆ ಟೈರಿನ ಅಂಗಡಿ ಇಟ್ಟಿದ್ದ ನನ್ನ ಸೋದರಮಾವ, ಯಾರೋ ಲಾರಿಯವರು ಪುಣೆಯಿಂದ ತಂದುಕೊಟ್ಟ ಹಳೆಯ ಪೆಟ್ಟಿಗೆಯನ್ನು ಮಗನ ಕೈಗೆ ಕೊಟ್ಟು ಆಮೇಲೆ ತಲೆ ಚಚ್ಚಿಕೊಂಡಿದ್ದ. ಪರೀಕ್ಷೆ ಮುಗಿಯುವ ತನಕ ಇಲ್ಲಿರಲಿ ಎಂದು ಚೀಲದಲ್ಲಿ ಸುತ್ತಿ, ಬಸ್ಸಿನಲ್ಲಿ ಬೈಲಹೊಂಗಲಕ್ಕೆ ತಂದು ಇಟ್ಟುಹೋದ. ನಾನು ಆಗಷ್ಟೇ ಒಂಬತ್ತನೇ ತರಗತಿ ಮುಗಿಸಿದ್ದೆ. ಹುಡುಗಿ ಅದನ್ನು ಮುಟ್ಟಿಯಾಳು ಎಂದು ಅವನಿಗೆ ಹೊಳೆದೇ ಇರಲಿಲ್ಲ.

ಮುಟ್ಟಿದೆ. ಅದರ ಜೊತೆ ಇದ್ದದ್ದು ಒಂದೇ ಡಿಸ್ಕು. ಒಬ್ಬ ಸವಾರ, ಒಂದು ಕಂದು ಕುದುರೆ, ಕಣ್ಣು ಹಾಯುವಷ್ಟು ಭೂಮಿ. ಇಂಥಲ್ಲಿಗೇ ಹೋಗು ಎಂದು ಹೇಳುವವರಿಲ್ಲ. ಹಳ್ಳ ದಾಟಬಹುದು, ಹೊಲಕ್ಕೆ ಇಳಿಯಬಹುದು, ಬೇಡವಾದರೆ ಮರದ ಕೆಳಗೆ ಸುಮ್ಮನೆ ನಿಲ್ಲಬಹುದು. ದೂರದಲ್ಲಿ ಒಂದು ಗುಡ್ಡ. ಅದರ ಆಚೆ ಏನಿದೆ ಎಂದು ನೋಡುವ ಹುಚ್ಚು ನನಗೆ ಹಿಡಿಯಿತು. ಆದರೆ ಆಟ ಎಲ್ಲಿಗೆ ಬಂದಿದೆ ಎಂದು ನೆನಪಿಡುವ ಪುಟ್ಟ ಕಾರ್ಡನ್ನು ಮಾವನ ಮಗ ಹೊಟ್ಟೆಕಿಚ್ಚಿನಿಂದ ತನ್ನ ಬಳಿಯೇ ಇಟ್ಟುಕೊಂಡಿದ್ದ. ಕರೆಂಟು ಹೋದರೆ ಮುಗಿಯಿತು, ಮತ್ತೆ ಆಟದೊಳಗಿನ ಊರ ಅಗಸಿ ಬಾಗಿಲಿನಿಂದ ಶುರು. ನಮ್ಮ ಓಣಿಯ ಕರೆಂಟು ದಿನಕ್ಕೆ ನಾಲ್ಕು ಸಲ ಹೋಗುತ್ತಿತ್ತು.

ಅಪ್ಪ ಒಳಕೋಣೆಯ ಮಂಚದಲ್ಲಿದ್ದ. ಶೇಂಗಾ ಹೊಟ್ಟು ಹೇರಿದ ಚಕ್ಕಡಿಯ ಮೇಲಿಂದ ಬಿದ್ದು ತೊಡೆಯ ಎಲುಬು ಮುರಿದು, ಬೆಳಗಾವಿಯಲ್ಲಿ ರಾಡು ಹಾಕಿಸಿಕೊಂಡು ಬಂದಿದ್ದ. ಎಲುಬು ಕೂಡಿತ್ತು. ಇನ್ನು ದಿನಾ ಕೋಲು ಹಿಡಿದು ನಡೆಯಬೇಕು, ಇಲ್ಲದಿದ್ದರೆ ಕಾಲು ಹಾಗೆಯೇ ಬಿಗಿದುಕೊಂಡು ಬಿಡುತ್ತದೆ ಎಂದು ಡಾಕ್ಟರು ಎಚ್ಚರಿಸಿದ್ದರು. ಮೊದಲ ದಿನ ಕಟ್ಟೆಯ ತನಕ ಹೋದವನು ಓಣಿಯವರ ಎದುರಿಗೇ ಜಾರಿ ಬಿದ್ದ. ಇಬ್ಬರು ಓಡಿಬಂದು ಕೂಸನ್ನು ಎತ್ತಿದ ಹಾಗೆ ಎತ್ತಿ ತಂದು ಮಲಗಿಸಿದರು. ಅವತ್ತಿನಿಂದ ಅಪ್ಪನದು ಒಂದೇ ಮಾತು: ‘ನಾಳಿಂದ.’ ಅವ್ವ ಬೇಡಿದಳು, ಕಾಕಾ ಬೈದ, ನಾನು ಅತ್ತುಕರೆದೆ. ಅಪ್ಪ ಗೋಡೆಯ ಕಡೆ ಮುಖ ಮಾಡಿ ಮಲಗಿದ. ಅವನು ಇನ್ನು ಏಳುವುದೇ ಇಲ್ಲವೇನೋ ಎಂದು ನನಗೆ ಹೆದರಿಕೆಯಾಗತೊಡಗಿತ್ತು.

ಟಿವಿ ಇದ್ದದ್ದು ಪಡಸಾಲೆಯಲ್ಲಿ, ಅಪ್ಪನ ಕೋಣೆಯ ಬಾಗಿಲಿಗೆ ನೇರವಾಗಿ. ಒಂದು ಮಧ್ಯಾಹ್ನ ಗುಡ್ಡಕ್ಕೆ ಹತ್ತಿರದ ದಾರಿ ಎಂದು ಕುದುರೆಯನ್ನು ಬೆಳೆದು ನಿಂತ ಪೈರಿನೊಳಗೆ ನುಗ್ಗಿಸಿದೆ. ಬೆನ್ನ ಹಿಂದಿನಿಂದ ಗದರಿಕೆ ಬಂತು.

‘ಏ ಹುಡುಗಿ! ಬೆಳಿಯಾಗ ಹಾಯಸ್ತಿಯೇನ? ಬದುವಿನ ಗುಂಟ ಹೋಗು.’

ತಿರುಗಿ ನೋಡಿದರೆ ಅಪ್ಪ ಬಾಗಿಲಿನ ಕಡೆ ಹೊರಳಿದ್ದ.

‘ಇದರ ಮಾಲಕ ಯಾರೂ ಇಲ್ಲಪ್ಪ. ಆಟ ಇದು.’

‘ಮಾಲಕ ಇಲ್ಲದ ಹೊಲ ಎಲ್ಲಿರತೈತಿ? ಯಾರೋ ಬಿತ್ಯಾರ, ಅದಕ್ಕ ಬೆಳದೈತಿ.’

ನಾನು ಬದುವಿನ ಗುಂಟ ಹೋದೆ. ಗುಡ್ಡ ಮುಟ್ಟುವುದರೊಳಗೆ ಕರೆಂಟು ಹೋಯಿತು. ಆದರೂ ಅವತ್ತು ನನಗೆ ಸಿಟ್ಟು ಬರಲಿಲ್ಲ.

ಆಮೇಲೆ ಆಟದ ಆ ಭೂಮಿ ಇಬ್ಬರದೂ ಆಯಿತು. ದಿನಾ ಮೊದಲಿನಿಂದ ಶುರುವಾಗುತ್ತಿದ್ದುದರಿಂದ ಅಪ್ಪನಿಗೆ ಅಲ್ಲಿನ ಪ್ರತಿ ಬದುವೂ ಬಾಯಿಪಾಠವಾಯಿತು. ‘ಕರಿ ಎರಿ ಮಣ್ಣಲ್ಲ ಇದು, ಮಸಾರಿ. ಶೇಂಗಾ ಚೊಲೋ ಬರತೈತಿ’ ಎಂದು ಟಿವಿಯ ಕೆಂಪು ಮಣ್ಣಿಗೆ ತೀರ್ಪು ಕೊಟ್ಟ. ಆದರೆ ಮೊದಲ ಸೋಮವಾರ ಬಂದಾಗ ನಮ್ಮಿಬ್ಬರಿಗೆ ಜಗಳವಾಯಿತು. ಸೋಮವಾರ ಬಸವಣ್ಣನ ವಾರ, ನಮ್ಮಲ್ಲಿ ಅವತ್ತು ಎತ್ತಿನ ಹೆಗಲ ಮೇಲೆ ನೊಗ ಇಡುವುದಿಲ್ಲ. ಅಪ್ಪ ಕುದುರೆಗೂ ರಜೆ ಕೊಟ್ಟುಬಿಟ್ಟ.

‘ಕುದುರಿ ಎತ್ತೇನಪ್ಪ?’

‘ವಾರ ಪೂರ್ತಿ ದುಡೀತೈತಿ ಇಲ್ಲ? ಇಳಿ. ನಡಕೋತ ಹೋಗು ಇವತ್ತ.’

ಸೋಮವಾರಗಳಂದು ನನ್ನ ಸವಾರ ಕುದುರೆಯನ್ನು ಮರದ ಕೆಳಗೆ ಬಿಟ್ಟು ಕಾಲ್ನಡಿಗೆಯಲ್ಲಿ ತಿರುಗಿದ. ಅಪ್ಪನ ಕಾಲಿನದು ಮಾತ್ರ ಮತ್ತೆ ಅದೇ, ನಾಳಿಂದ.

ಹೀಗಿರುವಾಗ ಮಾವನ ಮಗನ ಪರೀಕ್ಷೆ ಮುಗಿಯಿತು. ಮಂಗಳವಾರ ಬಂದು ಪೆಟ್ಟಿಗೆ ಒಯ್ಯುತ್ತೇನೆ ಎಂದು ಮಾವ ಫೋನು ಮಾಡಿದ. ನನಗೆ ಉಳಿದದ್ದು ಒಂದೇ ದಿನ, ಅದೂ ಸೋಮವಾರ. ಅವ್ವ ಸಂತೆಗೆ ಹೋಗಿದ್ದಳು. ಏನು ಪುಣ್ಯವೋ, ಅವತ್ತು ಬೆಳಗಿನಿಂದ ಕರೆಂಟು ಹೋಗಿರಲಿಲ್ಲ. ಅಪ್ಪನಿಗೆ ಜೋಂಪು ಹತ್ತಿದ್ದು ನೋಡಿ ಕುದುರೆ ಹತ್ತಿ ಓಡಿಸಿದೆ. ಹಳ್ಳ ದಾಟಿತು, ಹೊಲ ಮುಗಿಯಿತು, ಗುಡ್ಡದ ಏರು ಬಂತು. ನೆತ್ತಿ ಇನ್ನೇನು ಸಿಕ್ಕಿತು ಎನ್ನುವಾಗ ಅಪ್ಪನಿಗೆ ಎಚ್ಚರವಾಯಿತು.

‘ಇಳಿ.’

ನಾನು ಕುದುರೆಯನ್ನು ಇನ್ನೂ ಬಿರುಸಾಗಿ ಓಡಿಸಿದೆ.

‘ಸೋಮವಾರ ಐತಿ, ಇಳಿ ಅಂದ್ನಿಲ್ಲ? ಏರಿನ್ಯಾಗ ಅದರ ಎದಿ ಒಡೀತೈತಿ.’

ತಿಂಗಳುಗಟ್ಟಲೆ ನುಂಗಿಕೊಂಡಿದ್ದ ಸಿಟ್ಟೆಲ್ಲ ಬಾಯಿಗೆ ಬಂತು. ‘ನೀನ ಎದ್ದು ಬಂದು ಇಳಸು! ಆಗತೈತೇನು ನಿನಗ?’

ಆಡಿದ ಮೇಲೆ ನಾಲಿಗೆ ಕಚ್ಚಿಕೊಂಡೆ. ತಿರುಗಿ ನೋಡುವ ಧೈರ್ಯವಾಗಲಿಲ್ಲ. ಆಮೇಲೆ ಮಂಚ ಕಿರುಗುಟ್ಟಿತು. ಕೋಲು ನೆಲಕ್ಕೆ ತಾಗಿತು. ಒಂದು ಸಲ, ತಡೆದು ಮತ್ತೊಂದು ಸಲ. ಹೊಸ್ತಿಲ ಹತ್ತಿರ ಬಹಳ ಹೊತ್ತು ನಿಂತಿತು. ಉಸಿರು ಹಾಕುವ ಸದ್ದು ನನ್ನ ಕಿವಿಗೇ ಬರುತ್ತಿತ್ತು. ಕೊನೆಗೆ ಬೆವರಿನಿಂದ ತೊಯ್ದ ಒಂದು ಕೈ ನನ್ನ ಹೆಗಲ ಮೇಲೆ ಕುಳಿತಿತು. ಇಡೀ ಭಾರ ನನ್ನ ಮೇಲೆ ಹಾಕಿ ಅಪ್ಪ ನೆಲಕ್ಕೆ ಕುಸಿದು ಕುಂತ.

‘ಯಾವುದ ಒತ್ತಬೇಕು ಇಳ್ಯಾಕ?’

ತೋರಿಸಿದೆ. ಬಿರುಕುಬಿಟ್ಟ ಹೆಬ್ಬೆರಳಿನಿಂದ ಒತ್ತಿದ. ಸವಾರ ಇಳಿದ. ನನಗೆ ಅಳು ಬಂದು ಟಿವಿ ಮಸುಕಾಗಿತ್ತು. ಗುಡ್ಡದ ಆಚೆ ಏನಿತ್ತೋ ಇವತ್ತಿಗೂ ನನಗೆ ಗೊತ್ತಿಲ್ಲ.

‘ಬಾಯಾರೇತಿ ಅದಕ್ಕ. ಹಳ್ಳಕ್ಕ ಹೊಡಕೊಂಡ ಹೋಗು’ ಎಂದ. ಕುದುರೆಯನ್ನು ಮೆಲ್ಲಗೆ ಇಳಿಜಾರಿನಲ್ಲಿ ನಡೆಸಿ ನೀರಿನ ಅಂಚಿಗೆ ತಂದು ನಿಲ್ಲಿಸಿದೆ. ಅದು ತಲೆ ಎತ್ತಿಕೊಂಡೇ ನಿಂತಿತು. ಆ ಕುದುರೆಗೆ ನೀರು ಕುಡಿಯುವುದನ್ನು ಯಾರೂ ಕಲಿಸಿಲ್ಲ, ಅದು ಎಂದೂ ಕುಡಿಯುವುದಿಲ್ಲ ಎಂದು ನನಗೆ ಗೊತ್ತಿತ್ತು. ಅಪ್ಪನಿಗೆ ಗೊತ್ತಿರಲಿಲ್ಲ. ಅವನು ಕಾಲು ಚಾಚಿ ಕುಂತು, ಎತ್ತುಗಳಿಗೆ ನೀರು ಕುಡಿಸುವಾಗ ಹಾಕುವ ಹಾಗೆ ಸಣ್ಣಗೆ ಸಿಳ್ಳೆ ಹಾಕತೊಡಗಿದ. ಚಕ್ಕಡಿಯಿಂದ ಬಿದ್ದ ದಿನದಿಂದ ಆ ಸಿಳ್ಳೆಯನ್ನು ನಾವು ಯಾರೂ ಕೇಳಿರಲಿಲ್ಲ. ಬಿಸಿಲು ಇಳಿಯುವ ತನಕ ಹಾಕಿದ.

‘ಇಷ್ಟ ಸಮೀಪ ಕಣ್ಣಿಗೆ ನೆಟ್ಟಗ ಕಾಣವಲ್ದು. ಕುಡೀತೇನು?’

‘ಕುಡೀತಪ್ಪ’ ಅಂದೆ. ‘ಹೊಟ್ಟಿ ತುಂಬ ಕುಡೀತು.’

‘ಹಂಗಾರ ಕೈ ಕೊಡು, ಎಬ್ಬಸು’ ಅಂದ ಅಪ್ಪ. ‘ಎತ್ತಿನ ಕೊಟಗಿತನಕ ಹೋಗಿ ಬರೂಣು. ನಮ್ಮವು ಕುಡದಾವೋ ಇಲ್ಲೋ.’