ಉಂತು ಎಂದರೂ ಉಂಟು ಎಂದರೂ

ಮೂವತ್ತು ವರ್ಷ ಕನ್ನಡ ಪಾಠ ಮಾಡಿದ ನಾನು, ತಕಾರ ಬರಬೇಕಾದಲ್ಲಿ ಟಕಾರ ಬರೆದ ಮಕ್ಕಳ ಅಂಕವನ್ನು ಕೊಂಚವೂ ದಯೆಯಿಲ್ಲದೆ ಕತ್ತರಿಸಿದವನು. ಕೊನೆಗೆ ನನ್ನ ಮಾನ ಉಳಿಸಿದ್ದು ಅದೇ ತಪ್ಪು. ತಪ್ಪು ಮಾಡಿದ್ದು ಒಂದು ನಾಯಿ.

ನಿವೃತ್ತನಾದ ಮೇಲೆ ನನಗೊಂದು ಹೆದರಿಕೆ ಅಂಟಿಕೊಂಡಿತು. ಮಂಗಳೂರಿನ ಕೊಡಿಯಾಲ್‌ಬೈಲಿನ ರಸ್ತೆ ದಾಟಲು ಹೊರಟರೆ ಎದೆ ಡವಡವ, ಮಾತೇ ಹೊರಡದು. "ಹಾರ್ಟ್ ಸರಿ ಉಂಟು ಮಾಸ್ಟ್ರೇ, ಧೈರ್ಯ ಮಾತ್ರ ಇಲ್ಲ. ಒಂದು ನಾಯಿ ಸಾಕಿ" ಎಂದರು ಡಾಕ್ಟರು. ಹಾಗೆ ಪಡೀಲಿನ ತಂಗಿಯ ಮನೆಯಿಂದ ಬೊಳ್ಳ ಬಂದ. ಅವನ ಬೆನ್ನ ಮೇಲೆ ಕೈಯಿಟ್ಟರೆ ಎದೆ ತಾನಾಗಿ ಸುಮ್ಮನಾಗುತ್ತಿತ್ತು.

ಆದರೆ ನಮ್ಮ ಅಪಾರ್ಟ್‌ಮೆಂಟಿನ ಸೆಕ್ರೆಟರಿ ಶೆಟ್ರು ಕರಾರು ಹಾಕಿದರು. ತಿಂಗಳೊಳಗೆ ಹೇಳಿದ ಮಾತನ್ನು ನಾಯಿ ಕೇಳಬೇಕು, ಪರೀಕ್ಷೆ ಅವರೇ ಮಾಡುತ್ತಾರೆ, ಫೇಲಾದರೆ ಪಡೀಲಿಗೆ ವಾಪಸು.

ಮೊಬೈಲ್ ನೋಡಿ ಕಲಿತ 'ಸಿಟ್', 'ಸ್ಟೇ'ಗಳನ್ನು ಬೊಳ್ಳ ಆಕಳಿಸುತ್ತಾ ಕೇಳಿದ. ಶುದ್ಧ ಕನ್ನಡದಲ್ಲಿ 'ಕುಳಿತುಕೋ' ಎಂದು ವಿನಂತಿಸಿದೆ. ಹಿಂದಿನ ಬೆಂಚಿನವರಂತೆ ಕಿಟಕಿಯ ಹೊರಗೆ ನೋಡಿದ. ಫೋನ್ ಮಾಡಿದರೆ ತಂಗಿ ನಕ್ಕುಬಿಟ್ಟಳು. ಅವನಿಗೆ ಬರುವುದು ತುಳು ಮಾತ್ರವಂತೆ! 'ಕುಲ್ಲು' ಎಂದೆ, ಕುಳಿತ. 'ಬಲ' ಎಂದೆ, ಬಂದ. ನಿಲ್ಲು ಎನ್ನಲು 'ಉಂತು'. ಅದನ್ನು ಕಲಿಸಲು ಎರಡು ವಾರ ಮತ್ತು ಬೇಕಾದಷ್ಟು ಒಣಮೀನು ಹಿಡಿಯಿತು.

ಕಲಿತದ್ದೇ ಕಷ್ಟವಾಯಿತು. ಅವನ ಕಿವಿಗೆ 'ಉಂಟು' ಕೂಡ 'ಉಂತು' ಎಂದೇ ಕೇಳುತ್ತಿತ್ತು. ಮಂಗಳೂರಿನಲ್ಲಿ 'ಉಂಟು' ಕೇಳಿಸದೆ ಹತ್ತು ಹೆಜ್ಜೆ ನಡೆಯಲಾದೀತೇ? ಯಾರೋ "ಸೌಖ್ಯ ಉಂಟಾ?" ಎಂದರೆ ನಿಂತ. ಇನ್ಯಾರೋ "ಕರೆಂಟ್ ಉಂಟಾ?" ಎಂದರೆ ಲಿಫ್ಟಿನ ಬಾಗಿಲಲ್ಲೇ ನಿಂತ. ಅವನನ್ನು ಎದುರು ಕೂರಿಸಿ ತಕಾರ, ಟಕಾರಗಳ ಭೇದವನ್ನೂ ವಿವರಿಸಿ ನೋಡಿದೆ. ಬಾಲ ಅಲ್ಲಾಡಿಸಿದ, ಅಷ್ಟೆ.

ಪರೀಕ್ಷೆಯ ದಿನ ಬಂತು. ಅಂಗಳದಲ್ಲಿ ಶೆಟ್ರು ಕೈಕಟ್ಟಿ ನಿಂತಿದ್ದರು. ಕುಲ್ಲು, ಪಾಸು. ಬಲ, ಪಾಸು. ಅಷ್ಟರಲ್ಲಿ ಉಳ್ಳಾಲದ ಮೀನಿನ ಹೆಂಗಸು ಗೇಟಿನ ಬಳಿ ಬುಟ್ಟಿ ಇಳಿಸಿದಳು. ಬೊಳ್ಳ ಹಗ್ಗ ಕೊಸರಿಕೊಂಡು ಓಡಿದ. ಗೇಟಿನಾಚೆ ಬಸ್ಸುಗಳ ಸಾಲು. 'ಉಂತು' ಎನ್ನಬೇಕು, ನಾಲಗೆ ಏಳಲಿಲ್ಲ. ಅವನಿಲ್ಲದ ಮನೆ ಕಣ್ಣೆದುರು ಬಂದು ನನಗೆ ಅಳುವೇ ಬಂತು.

ಶೆಟ್ರು ಗುಡುಗಿದರು: "ಎಂತ ಮಾಸ್ಟ್ರೇ, ಇದಕ್ಕೆ ಶಿಸ್ತು ಎಲ್ಲಿ ಉಂಟು?"

ಬುಟ್ಟಿಗೆ ಒಂದು ಗೇಣು ಇರುವಾಗ ಬೊಳ್ಳ ಗಕ್ಕನೆ ನಿಂತ.

"ಅರೆ! ನಾನು ಹೇಳಿದ್ದೂ ಕೇಳ್ತದಲ್ಲ ಮಾರಾಯ್ರೆ!" ಶೆಟ್ರ ಮುಖ ಅರಳಿತು. ಅವರು ಬೊಳ್ಳನನ್ನು ಪಾಸು ಮಾಡಿದರು. ನಾನು ಜನ್ಮದಲ್ಲಿ ಮೊದಲ ಸಲ ಟಕಾರಕ್ಕೆ ಪೂರ್ತಿ ಅಂಕ ಕೊಟ್ಟೆ. ಬುಟ್ಟಿ ಉಳಿದ ಸಂತೋಷಕ್ಕೆ ಆ ಹೆಂಗಸು ಎರಡು ಬೂತಾಯಿ ಮೀನನ್ನೂ ಕೊಟ್ಟಳು.

ಈಗ ನಾವಿಬ್ಬರೂ ದಿನವೂ ಆ ರಸ್ತೆ ದಾಟುತ್ತೇವೆ. ಮೊನ್ನೆ ಶೆಟ್ರು ಕೇಳಿದರು, "ಹೆದರಿಕೆ ಈಗಲೂ ಉಂಟಾ ಮಾಸ್ಟ್ರೇ?"

"ಹೆದರಿಕೆ ಉಂಟು" ಎಂದೆ. ಬೊಳ್ಳನ ಕಿವಿಗೆ ಅದು 'ಉಂತು'. ಅವನು ನಿಂತ. ಬೆನ್ನ ಮೇಲೆ ಕೈಯಿಟ್ಟೆ. ಅಪ್ಪಣೆ ತನಗೇ ಎಂದುಕೊಂಡು ಹೆದರಿಕೆಯೂ ನಿಂತಿತು.